ಕುರಿಯ ಮೇಲ್ಹಲ್ಲು

ಕೊಡಿಗೇನಹಳ್ಳಿ ಹೋಬಳಿಯ ಚರಿತ್ರೆಯನ್ನು ಯಾರಾದರೂ ಮನಸ್ಸು ಮಾಡಿ ಬರೆಯುವುದಾದರೆ, ಸಾವಿರದ ಒಂಬೈನೂರ ಎಂಬತ್ತಾರನೆಯ ಇಸವಿಯ ಫೆಬ್ರವರಿ ತಿಂಗಳಿಗೆ ಒಂದು ಅಧ್ಯಾಯವನ್ನಾದರೂ ಬಿಡಬೇಕಾಗುತ್ತದೆ. ಆ ತಿಂಗಳ ಮೊದಲ ವಾರದಲ್ಲಿ ಗುಂಡುಗಲ್ಲಹಟ್ಟಿ ಹಿರಿಯ ಪ್ರಾಥಮಿಕ ಶಾಲೆಯ ಚಿಕ್ಕರಂಗಯ್ಯ ಮೇಷ್ಟ್ರು ನೀಲಿ ಬಣ್ಣದ ಷರಟು ಹೊಲಿಸಿದರು.

ಹದಿನಾರು ವರ್ಷದ ನೌಕರಿಯಲ್ಲಿ ಅವರು ಬಿಳಿ ಷರಟು ಬಿಟ್ಟು ಬೇರೆ ತೊಟ್ಟವರಲ್ಲ. ಕೊಡಿಗೇನಹಳ್ಳಿ ಬಸ್‌ಸ್ಟ್ಯಾಂಡಿನ ಟೈಲರ್ ಕದರಪ್ಪ ಟೇಪು ಕತ್ತಿಗೆ ಹಾಕಿಕೊಂಡವನು ಬಟ್ಟೆಯನ್ನೊಮ್ಮೆ, ಮೇಷ್ಟ್ರನ್ನೊಮ್ಮೆ ನೋಡಿದ.

"ನಿಮಗೇನಾ ಸಾ?"

"ನಂಗೇ ಕಣಪ್ಪ."

"ಮನೇಲಿ ಅಕ್ಕಾರಿಗೆ ಗೊತ್ತಾ?"

"ಗೊತ್ತು. ಯಾಕೆ?"

"ಏನಿಲ್ಲ. ನಲವತ್ತು ದಾಟಿದ ಮ್ಯಾಲೆ ಗಂಡಸರು ಬಣ್ಣ ಬದಲಾಯಿಸಿದ್ರೆ ನಾನು ಒಂದ್ಮಾತು ಕೇಳಿ ಕತ್ತರಿ ಹಾಕ್ತೀನಿ" ಎಂದ ಕದರಪ್ಪ.

ಕಾರಣ ಸರಳವಾಗಿತ್ತು. ಮಕ್ಕಳಿಗಾಗಿ ಟಿ.ವಿ.ಯಲ್ಲಿ ವಿಜ್ಞಾನದ ಕಾರ್ಯಕ್ರಮ ಮಾಡಿಕೊಡುತ್ತಿದ್ದ ಬೆಂಗಳೂರಿನ ಒಂದು ತಂಡದವರು ಬರೆದಿದ್ದ ಕಾಗದದಲ್ಲಿ, "ಶಿಕ್ಷಕರು ಬಿಳಿ ಉಡುಪು ಧರಿಸಬಾರದು, ಕ್ಯಾಮರಾಕ್ಕೆ ಬೆಳಕು ಹೊಡೆಯುತ್ತದೆ" ಎಂದಿತ್ತು. ಆ ತಂಡದ ನಿರ್ಮಾಪಕರು ಹಿಂದಿನ ವರ್ಷ ತುಮಕೂರಿನಲ್ಲಿ ನಡೆದ ಶಿಕ್ಷಕರ ತರಬೇತಿಗೆ ಉಪನ್ಯಾಸ ಕೊಡಲು ಬಂದು, ಚಿಕ್ಕರಂಗಯ್ಯನವರ ಪಾಠದ ಕ್ರಮ ಕೇಳಿ ಬೆರಗಾಗಿ ಹೋಗಿದ್ದರು. ಬೆರಗಾದವರು ಸಾಮಾನ್ಯವಾಗಿ ಬಸ್ಸು ಹತ್ತಿದ ಮೇಲೆ ಮರೆಯುತ್ತಾರೆ. ಈ ಮನುಷ್ಯ ಮರೆಯಲಿಲ್ಲ.

ಆ ಕ್ರಮ ಏನೆಂದು ಇಲ್ಲಿ ಹೇಳಿಬಿಡಬೇಕು. ಚಿಕ್ಕರಂಗಯ್ಯ ಮೇಷ್ಟ್ರು ವಿಜ್ಞಾನದ ಪೀರಿಯಡ್ಡಿನಲ್ಲಿ ದಿನಕ್ಕೊಂದು ಸುಳ್ಳು ಹೇಳುತ್ತಿದ್ದರು. ಇಂಥದ್ದು ಸುಳ್ಳು ಎಂದು ಹೇಳುತ್ತಿರಲಿಲ್ಲ. ನಿಜಗಳ ನಡುವೆ ಅದನ್ನೂ ಅದೇ ಮುಖದಲ್ಲಿ ಹೇಳಿ, ಬೋರ್ಡಿನ ಮೇಲೆ ಬರೆದು, ಮುಂದಕ್ಕೆ ಹೋಗುತ್ತಿದ್ದರು. ಹಿಡಿದ ಮಗು "ಸುಳ್ಳು ಸಾ" ಎನ್ನಬೇಕು. ಬರೀ ಅಂದರೆ ಸಾಲದು, ತೋರಿಸಬೇಕು. ತೋರಿಸಿದರೆ ಮೇಷ್ಟ್ರು ತಮ್ಮ ಕೈಯಲ್ಲಿದ್ದ ಸೀಮೆಸುಣ್ಣವನ್ನು ಆ ಮಗುವಿಗೆ ಕೊಟ್ಟು ಪಕ್ಕಕ್ಕೆ ನಿಲ್ಲುತ್ತಿದ್ದರು. ಬೆಲ್ಲು ಹೊಡೆಯುವ ತನಕ ಬೋರ್ಡು ಅದರದ್ದು. ಯಾರೂ ಹಿಡಿಯದಿದ್ದರೆ ಸುಳ್ಳು ಬೋರ್ಡಿನ ಮೇಲೆ ಹಾಗೇ ಉಳಿಯುತ್ತಿತ್ತು, ನಾಳೆಗೆ, ನಾಡಿದ್ದಿಗೆ. ಮೇಷ್ಟ್ರು ತಾವಾಗಿ ಯಾವತ್ತೂ ತಿದ್ದಿದವರಲ್ಲ. "ನಾನು ತಿದ್ದಿದ್ರೆ ಅದೂ ನನ್ನ ಮಾತೇ ಆಯ್ತಲ್ಲ" ಎನ್ನುತ್ತಿದ್ದರು.

"ಜೇಡಕ್ಕೆ ಆರು ಕಾಲು" ಎಂಬ ಸುಳ್ಳು ಹೀಗೆ ಒಂಬತ್ತು ದಿನ ಬೋರ್ಡಿನ ಮೇಲಿತ್ತು. ಹತ್ತನೇ ದಿನ ಏಳನೇ ಕ್ಲಾಸಿನ ಗಿರಿಯಮ್ಮ ಬೆಂಕಿಪೊಟ್ಟಣದಲ್ಲಿ ಒಂದು ಜೇಡ ತಂದಳು. ದಾರಿಯಲ್ಲಿ ಒಂದು ಕಾಲು ಉದುರಿ ಏಳಾಗಿತ್ತು. ಆದರೂ ಆರಲ್ಲ ಎಂಬುದು ಸಾಬೀತಾಗಿ ಅವಳಿಗೆ ಸೀಮೆಸುಣ್ಣ ಸಿಕ್ಕಿತು.

ಆದರೆ ಆ ಒಂಬತ್ತು ದಿನಗಳ ನಡುವೆ, ಐದನೆಯ ದಿನ, ಮಧುಗಿರಿಯಿಂದ ಶಾಲಾ ಇನ್ಸ್‌ಪೆಕ್ಟರ್ ಚಂದ್ರಶೇಖರಯ್ಯನವರು ತನಿಖೆಗೆ ಬಂದಿದ್ದರು. ಬೋರ್ಡು ಓದಿದರು. ಕನ್ನಡಕ ಒರೆಸಿ ಇನ್ನೊಮ್ಮೆ ಓದಿದರು. "ವಿಜ್ಞಾನ ಶಿಕ್ಷಕರಿಗೆ ಜೇಡದ ಕಾಲುಗಳ ಸಂಖ್ಯೆ ತಿಳಿದಿರುವುದಿಲ್ಲ" ಎಂದು ತನಿಖಾ ಪುಸ್ತಕದಲ್ಲಿ ಬರೆದರು. ಮೇಷ್ಟ್ರು ತಮ್ಮ ಕ್ರಮ ವಿವರಿಸಿದ ಮೇಲೆ ಅವರ ಮುಖ ಇನ್ನಷ್ಟು ಗಂಭೀರವಾಯಿತು.

"ಗೊತ್ತಿಲ್ಲದೆ ತಪ್ಪು ಹೇಳೋ ಮೇಷ್ಟ್ರುಗಳು ನಂ ತಾಲೂಕಲ್ಲಿ ಬೇಕಾದಷ್ಟು ಜನ ಇದ್ದಾರೆ ರೀ. ಗೊತ್ತಿದ್ದೂ ಹೇಳೋರು ನೀವೊಬ್ರೇ" ಎಂದರು. "ಸರ್ಕಾರ ಸಂಬಳ ಕೊಡೋದು ನಿಜ ಹೇಳಲಿ ಅಂತ."

ಚಂದ್ರಶೇಖರಯ್ಯನವರು ಕೆಟ್ಟವರಲ್ಲ. ಒಂದು ವಾಕ್ಯವನ್ನು ತಪ್ಪಾಗಿ ಓದುವ ಮಗುವನ್ನು ನೋಡಿದರೆ ಅವರಿಗೆ ನಿಜವಾಗಿ ಸಂಕಟವಾಗುತ್ತಿತ್ತು. ಟಿ.ವಿ.ಯವರ ಕಾಗದದ ಸುದ್ದಿ ಹೆಡ್‌ಮಾಸ್ಟರ್ ಮಹಾಲಿಂಗಯ್ಯನವರಿಂದ ತಿಳಿದಾಗ ಅವರು ಚಿಕ್ಕರಂಗಯ್ಯನವರನ್ನು ಮಧುಗಿರಿಗೆ ಕರೆಸಿ ಒಂದು ಮಾತು ಹೇಳಿದರು.

"ನೋಡಿ, ನಾನೂ ಹಠ ಮಾಡೋನಲ್ಲ. ಕಾರ್ಯಕ್ರಮ ಬರೋ ದಿನ ನಾನೇ ನಿಮ್ಮೂರಿಗೆ ಬಂದು ಕೂತು ನೋಡ್ತೀನಿ. ನಾಲ್ಕು ಜನ ಒಪ್ಪೋ ಹಂಗಿದ್ರೆ ನಿಮ್ಮ ಪದ್ಧತಿ ನಿಮಗೆ. ಇಲ್ಲಾಂದ್ರೆ ಅವತ್ತಿಂದ ಪುಸ್ತಕ ಓದಿಸಿ, ಪ್ರಶ್ನೋತ್ತರ ಬರೆಸಿ. ಸುಳ್ಳು ನಿಲ್ಲಬೇಕು."

"ಆಗಲಿ ಸಾರ್" ಎಂದರು ಚಿಕ್ಕರಂಗಯ್ಯ. ಬಸ್ಸಿನಲ್ಲಿ ವಾಪಸು ಬರುವಾಗ ಅವರಿಗೆ ಕಡಲೆಕಾಯಿ ಸುಲಿಯಲೂ ಮನಸ್ಸಾಗಲಿಲ್ಲ. ಪುಸ್ತಕ ಓದಿಸಿ ಪ್ರಶ್ನೋತ್ತರ ಬರೆಸುವ ಮೇಷ್ಟ್ರ ಕೈಕೆಳಗೆ ಅವರು ಏಳು ವರ್ಷ ಕೂತಿದ್ದವರು, ಅದೂ ಬಾಗಿಲ ಹತ್ತಿರ, ಎಲ್ಲರಿಂದ ಒಂದು ಮೊಳ ಆಚೆಗೆ. ಪ್ರಶ್ನೆ ಕೇಳುವ ಸರದಿ ಅಷ್ಟು ದೂರ ಬರುತ್ತಿರಲಿಲ್ಲ. ಉತ್ತರ ಮಾತ್ರ ಬರುತ್ತಿತ್ತು.

ಹಾಗಾಗಿ ಟಿ.ವಿ.ಗೆಂದು ಅವರು ಅತ್ಯಂತ ಸುಲಭದ ಸುಳ್ಳನ್ನು ಆರಿಸಿಕೊಂಡರು. ಗುಂಡುಗಲ್ಲಹಟ್ಟಿ ಕುರಿ ಕಾಯುವವರ ಊರು. ನಡೆಯಲು ಕಲಿತ ಮಗು ಅಲ್ಲಿ ಮೊದಲು ಹಿಡಿದುಕೊಳ್ಳುವುದು ಕುರಿಯ ಉಣ್ಣೆಯನ್ನು. ಕುರಿಯ ವಯಸ್ಸನ್ನು ಅಲ್ಲಿ ವರ್ಷದಲ್ಲಿ ಎಣಿಸುವುದಿಲ್ಲ, ಹಲ್ಲಿನಲ್ಲಿ ಎಣಿಸುತ್ತಾರೆ: ಎರಡು ಹಲ್ಲಿನದು, ನಾಲ್ಕು ಹಲ್ಲಿನದು, ಬಾಯಿ ತುಂಬಿದ್ದು. ಅಷ್ಟೂ ಹಲ್ಲು ಕೆಳದವಡೆಯವು. ಮೇಲೆ, ಮುಂದುಗಡೆ, ಕುರಿಗೆ ಹಲ್ಲೇ ಇಲ್ಲ. ಬರೀ ಗಟ್ಟಿ ವಸಡು. ಇದು ಆ ಊರಿನಲ್ಲಿ ಎರಡು ವರ್ಷದ ಕೂಸಿಗೂ ಗೊತ್ತು. ಬೋರ್ಡಿನ ಮೇಲೆ ಮೇಲೆಂಟು, ಕೆಳಗೆಂಟು ಹಲ್ಲು ಬರೆದುಬಿಟ್ಟರೆ ಮೂವತ್ತೆಂಟು ಮಕ್ಕಳೂ ಒಟ್ಟಿಗೇ ಎದ್ದು ನಿಲ್ಲುತ್ತಾರೆ. ಗಿರಿಯಮ್ಮ ಕುರಿಯ ಬಾಯಿ ತೆರೆದು ಕ್ಯಾಮರಾಕ್ಕೆ ತೋರಿಸುತ್ತಾಳೆ. ಯಾರಿಗೂ ಅನುಮಾನ ಉಳಿಯುವುದಿಲ್ಲ.

ವ್ಯಾನು ಬೆಳಿಗ್ಗೆ ಹನ್ನೊಂದಕ್ಕೆ ಬಂತು. ಎರಡು ದೊಡ್ಡ ದೀಪ, ಮೂರು ಕಾಲಿನ ಮೇಲೆ ಕ್ಯಾಮರಾ, ಅದಕ್ಕೆ ಕರುಳಿನಂತೆ ಉದ್ದುದ್ದ ವೈರು. ಊರವರನ್ನು ಕಾಂಪೌಂಡಿನ ಆಚೆಗೆ ನಿಲ್ಲಿಸಿದರು. ಗಿರಿಯಮ್ಮನ ತಾತ ಯತ್ತಪ್ಪ ತನ್ನ ಮಂದೆಯಿಂದ ಬಾಯಿ ತುಂಬಿದ ಒಂದು ಹೆಣ್ಣು ಕುರಿಯನ್ನು ತೊಳೆದು ತಂದಿದ್ದ. "ಕುರಿ ಒಳಗೆ ಬರಲಿ, ನೀವು ಹೊರಗಿರಿ ಯಜಮಾನ್ರೇ" ಎಂದರು ನಿರ್ಮಾಪಕರು.

"ಆಯ್ತು ಬುಡಿ ಸ್ವಾಮಿ. ನಂಗಿಂತ ಅದಕ್ಕೇ ಮರ್ವಾದೆ ಜಾಸ್ತಿ" ಎಂದು ಯತ್ತಪ್ಪ ಹೊರಗೆ ಹೋಗಿ ಬೇವಿನ ನೆರಳಲ್ಲಿ ಕೂತ.

ನಿರ್ಮಾಪಕರು ಮಕ್ಕಳ ಮುಂದೆ ನಿಂತು ಮೃದುವಾಗಿ ಹೇಳಿದರು: "ಪುಟ್ಟಾಣಿಗಳೇ, ಇಲ್ಲಿ ನೋಡಿ, ಕೆಂಪು ದೀಪ. ಇದು ಉರೀತಾ ಇರೋವರೆಗೂ ಯಾರೂ ಮಾತಾಡಬಾರದು. ಮೊದಲು ಮೇಷ್ಟ್ರ ಪಾಠ ಪೂರ್ತಿ ತಗೋತೀವಿ. ಆಮೇಲೆ ನಿಮ್ಮದು ಬೇರೆಯಾಗಿ ತಗೋತೀವಿ. ಆಮೇಲೆ ಎರಡನ್ನೂ ಜೋಡಿಸ್ತೀವಿ."

ಅವರ ಕಸುಬಿನಲ್ಲಿ ಅದು ಸರಿಯಾದ ಮಾತೇ. ಇದ್ದದ್ದು ಒಂದು ಕ್ಯಾಮರಾ. ಅದು ಒಂದು ಕಡೆ ಮಾತ್ರ ನೋಡಬಲ್ಲದು. ಆದರೆ ಅವರು ಅತ್ತ ತಿರುಗಿದೊಡನೆ ಹೆಡ್‌ಮಾಸ್ಟರ್ ಮಹಾಲಿಂಗಯ್ಯನವರು ಆ ಮಾತನ್ನು ತಮ್ಮ ಭಾಷೆಗೆ ತರ್ಜುಮೆ ಮಾಡಿದರು.

"ಕೆಂಪು ದೀಪ ಉರಿಯುವಾಗ ಯಾವನಾದ್ರೂ ಬಾಯಿ ಬಿಟ್ರೆ ಚರ್ಮ ಸುಲಿದುಬಿಡ್ತೀನಿ. ಹೆಣ್ಣುಮಕ್ಕಳಿಗೂ ಸೇರಿಸೇ ಹೇಳ್ತಿರೋದು."

ಚಿಕ್ಕರಂಗಯ್ಯ ಮೇಷ್ಟ್ರು ಆಗ ಹೊರಗೆ ನೀಲಿ ಷರಟಿನ ಕಾಲರು ಸರಿಮಾಡಿಸಿಕೊಳ್ಳುತ್ತಿದ್ದರು. ಒಳಗೆ ಬಂದಾಗ ಮಕ್ಕಳು ವಿಗ್ರಹಗಳಂತೆ ಕೂತಿದ್ದರು. ಹೆದರಿಕೆ ಇರಬೇಕು ಎಂದುಕೊಂಡರು.

ದೀಪ ಉರಿಯಿತು. ಮೇಷ್ಟ್ರು ಶುರುಮಾಡಿದರು. ಕುರಿ ಯಾಕೆ ಹುಲ್ಲನ್ನು ಬುಡಕ್ಕೇ ಕತ್ತರಿಸುತ್ತದೆ, ದನ ಯಾಕೆ ನಾಲಿಗೆ ಸುತ್ತಿ ಎಳೆಯುತ್ತದೆ, ತಿಂದದ್ದನ್ನು ಮತ್ತೆ ಬಾಯಿಗೆ ತಂದು ಮೆಲುಕು ಹಾಕುವುದು ಹೇಗೆ, ಹೊಟ್ಟೆಯಲ್ಲಿ ನಾಲ್ಕು ಕೋಣೆ ಯಾತಕ್ಕೆ. ಎಲ್ಲ ನಿಜ. ನಡುವೆ ಬೋರ್ಡಿಗೆ ತಿರುಗಿ ಕುರಿಯ ಬಾಯಿ ಬರೆದರು. ಕೆಳಗೆ ಎಂಟು ಹಲ್ಲು. ಮೇಲೆ ಎಂಟು ಹಲ್ಲು. "ಮುಂದುಗಡೆ ಒಟ್ಟು ಹದಿನಾರು" ಎಂದರು. ತಿರುಗಿದರು.

ಯಾರೂ ಏಳಲಿಲ್ಲ.

ಮೇಷ್ಟ್ರು ಕಾದರು. ಗಿರಿಯಮ್ಮನ ಮುಖ ನೋಡಿದರು. ಅವಳು ಕುರಿಯ ಕೊರಳಿಂದ ಒಂದು ಕೈ ತೆಗೆದು ತನ್ನ ಬಾಯಿ ಮುಚ್ಚಿಕೊಂಡಳು. ಕಣ್ಣು ಮಾತ್ರ ಕೆಂಪು ದೀಪದ ಮೇಲಿತ್ತು. ನಿರ್ಮಾಪಕರು ಮುಂದೆ ಹೋಗಿ ಎಂದು ಕೈ ಬೀಸಿದರು.

"ಯಾರಿಗಾದ್ರೂ ಏನಾದ್ರೂ ಹೇಳೋದಿದೆಯಾ?" ಎಂದರು ಮೇಷ್ಟ್ರು. ಸುಳ್ಳಿನ ಪಾಠ ಶುರುವಾದ ಆರು ವರ್ಷದಲ್ಲಿ ಈ ಪ್ರಶ್ನೆಯನ್ನು ಅವರು ಕೇಳಬೇಕಾಗಿ ಬಂದಿರಲಿಲ್ಲ.

ಆ ದೀಪದ ಮುಂದೆ ಬಾಯಿ ತೆರೆದದ್ದು ಕುರಿಯೊಂದೇ. ಅದು ಒಂದು ಸಲ ಬ್ಯಾ ಎಂದು ಸುಮ್ಮನಾಯಿತು.

ಅಲ್ಲೇ ತಿದ್ದಿಬಿಡಬಹುದಾಗಿತ್ತು. ಒಂದು ಡಸ್ಟರಿನ ಕೆಲಸ. ಮೇಷ್ಟ್ರ ಕೈ ಡಸ್ಟರಿನ ತನಕ ಹೋಯಿತು ಎಂದು ಆಮೇಲೆ ಮಕ್ಕಳು ಹೇಳಿದರು. ಅಲ್ಲಿಂದ ವಾಪಸು ಬಂತು. ಮೇಷ್ಟ್ರು ಮೆಲುಕು ಹಾಕುವ ವಿಷಯ ಮುಂದುವರಿಸಿ ಪಾಠ ಮುಗಿಸಿದರು.

"ಬಹಳ ಚೆನ್ನಾಗಿ ಬಂತು ಸಾರ್" ಎಂದರು ನಿರ್ಮಾಪಕರು. "ಈಗ ಮಕ್ಕಳದ್ದು." ಕ್ಯಾಮರಾ ತಿರುಗಿಸುತ್ತಿದ್ದಂತೆ ಕರೆಂಟು ಹೋಯಿತು. ದೊಡ್ಡ ದೀಪ ಆರಿತು, ಕೆಂಪು ದೀಪವೂ ಆರಿತು. ಆರಿದ ಮರುಕ್ಷಣ ಮೂವತ್ತೆಂಟು ಮಕ್ಕಳು ಒಂದೇ ಉಸಿರಿಗೆ "ಸುಳ್ಳು ಸಾ" ಎಂದರು. ಹೊರಗೆ ಬೇವಿನ ಮರದ ಕಾಗೆಗಳು ಎದ್ದವು.

ಗಿರಿಯಮ್ಮ ಕುರಿಯ ತುಟಿ ಮೇಲೆತ್ತಿ ನಿಂತಳು. ನಿರ್ಮಾಪಕರು ಬಗ್ಗಿ ನೋಡಿದರು. ಕ್ಯಾಮರಾದವನು ನೋಡಿದ. ವ್ಯಾನಿನ ಡ್ರೈವರು ಬಂದು ನೋಡಿದ. "ಅಲ್ಲಾ, ಇಷ್ಟು ವರ್ಷ ಮಟನ್ ತಿಂದಿದ್ದೀನಿ" ಎಂದ ಡ್ರೈವರು, "ತಲೆಮಾಂಸ ಸಮೇತ." ಗಿರಿಯಮ್ಮನ ಕೈಗೆ ಸೀಮೆಸುಣ್ಣ ಬಂತು. ಅವಳು ಮೇಲಿನ ಎಂಟು ಹಲ್ಲನ್ನು ಹೊಡೆದುಹಾಕಿ, ವಸಡು ಬರೆದು, ಹಲ್ಲಿಲ್ಲದ ಕುರಿ ಹುಲ್ಲು ಹೇಗೆ ಕತ್ತರಿಸುತ್ತದೆ ಎಂದು ತನ್ನ ಅಂಗೈಯನ್ನು ವಸಡು ಮಾಡಿ, ಇನ್ನೊಂದು ಕೈಯ ಬೆರಳನ್ನು ಹಲ್ಲು ಮಾಡಿ, ಮಧ್ಯೆ ಒಂದು ಎಸಳು ಸಿಕ್ಕಿಸಿ ತೋರಿಸಿದಳು. ಆ ವರ್ಷ ಆ ತಂಡದವರು ಕಂಡ ಪಾಠಗಳಲ್ಲಿ ಅದೇ ಉತ್ತಮವಾದದ್ದು. ಟೇಪಿನ ಮೇಲೆ ಅದರ ಒಂದು ಇಂಚೂ ಇರಲಿಲ್ಲ.

ನಾಲ್ಕು ಗಂಟೆಯ ತನಕ ಕಾದರೂ ಕರೆಂಟು ಬರಲಿಲ್ಲ. ತಂಡದವರಿಗೆ ಮಾರನೆಯ ಬೆಳಿಗ್ಗೆಗೆ ಪಾವಗಡದ ಕಡೆ ಇನ್ನೊಂದು ಶಾಲೆ ಗೊತ್ತುಮಾಡಿ ಆಗಿತ್ತು.

"ಚಿಂತೆ ಬಿಡಿ ಸಾರ್" ಎಂದರು ನಿರ್ಮಾಪಕರು. "ಸ್ಟುಡಿಯೋದಲ್ಲಿ ಕೊನೆಗೆ ಒಂದು ಮಾತು ಸೇರಿಸ್ತೀವಿ. ಮೇಷ್ಟ್ರು ಬೇಕಂತಲೇ ತಪ್ಪು ಹೇಳಿದ್ರು, ಮಕ್ಕಳು ಹಿಡಿದ್ರು, ಕುರಿಗೆ ಮೇಲೆ ಮುಂದಿನ ಹಲ್ಲು ಇಲ್ಲ, ಅಂತ."

"ಮಕ್ಕಳೇ ಹೇಳ್ಬೇಕಾಗಿತ್ತು" ಎಂದರು ಮೇಷ್ಟ್ರು.

"ಕರೆಂಟಿಗೆ ಯಾರು ಹೇಳ್ತಾರೆ ಸಾರ್?"



ಕಾರ್ಯಕ್ರಮ ಬಂದದ್ದು ಮೂರು ವಾರದ ಮೇಲೆ, ಒಂದು ಶನಿವಾರ ಸಂಜೆ. ಪಂಚಾಯ್ತಿ ಟಿ.ವಿ.ಗೆ ಮರದ ಪೆಟ್ಟಿಗೆ, ಪೆಟ್ಟಿಗೆಗೆ ಎರಡು ಬಾಗಿಲು, ಬಾಗಿಲಿಗೆ ಬೀಗ, ಬೀಗದ ಕೈ ಪಂಚಾಯ್ತಿ ಸೆಕ್ರೆಟರಿಯ ಉಡಿದಾರದಲ್ಲಿ. ಊರಿನ ಅರ್ಧ ಜನ ಒಳಗೆ, ಇನ್ನರ್ಧ ಕಿಟಕಿಯಲ್ಲಿ. ಇನ್ಸ್‌ಪೆಕ್ಟರ್ ಚಂದ್ರಶೇಖರಯ್ಯನವರಿಗೆ ಕುರ್ಚಿ, ಪಕ್ಕದಲ್ಲಿ ಹೆಡ್‌ಮಾಸ್ಟರಿಗೆ ಸ್ಟೂಲು. ಚಿಕ್ಕರಂಗಯ್ಯ ಹಿಂದುಗಡೆ ಗೋಡೆಗೊರಗಿ ನಿಂತಿದ್ದರು. ಮೇಲೆ ಮಾಳಿಗೆಯಲ್ಲಿ ಒಬ್ಬ ಆಂಟೆನಾದ ಪೈಪು ಹಿಡಿದು, "ಬಂತಾ? ಬಂತಾ?" ಎನ್ನುತ್ತಿದ್ದ. ತೆರೆಯ ಮೇಲೆ ಸೋನೆಮಳೆ ಸುರಿಯುತ್ತಿತ್ತು. ಮಳೆಯೊಳಗಿನಿಂದ ಮೇಷ್ಟ್ರು ಕಾಣಿಸಿಕೊಂಡರು. ನೀಲಿ ಷರಟು ಬೂದಿ ಬಣ್ಣಕ್ಕೆ ಬಂದಿತ್ತು.

ಸ್ವಲ್ಪ ಹೊತ್ತು ಎಲ್ಲರೂ ತಮ್ಮ ತಮ್ಮ ಮಕ್ಕಳನ್ನು ಹುಡುಕಿಕೊಂಡರು. ಆಮೇಲೆ ಬೋರ್ಡು ಬಂತು, ಬಾಯಿ ಬಂತು, ಹದಿನಾರು ಹಲ್ಲು ಬಂತು.

ಯತ್ತಪ್ಪ ಬೀಡಿ ಬಾಯಿಂದ ತೆಗೆದ. "ಲೇ, ಇದೇನ್ಲಾ ಇದು. ನಮ್ ಕುರೀನೇ ಪಕ್ಕದಲ್ಲಿಟ್ಕೊಂಡು ಇಂಗಂತಾನೆ."

"ತಾತ ಸುಮ್ಕಿರು. ಅದು ಸುಳ್ಳು. ಹಿಡೀಲಿ ಅಂತ ಹೇಳಿರಾದು" ಎಂದಳು ಗಿರಿಯಮ್ಮ.

"ಹಿಡಿದಿರೇನು ಮತ್ತೆ? ಎಲ್ಲಾ ಗುಬ್ಬಚ್ಚಿ ಮರಿ ಥರ ಕುಂತಿದೀರಲ್ಲಾ."

"ಕೊನೆಗೆ ಬತ್ತದೆ. ತಡಿ."

ಕೊನೆಗೆ ಬರುತ್ತದೆ ಎಂದು ಚಿಕ್ಕರಂಗಯ್ಯನವರೂ ಗೋಡೆಯ ಹತ್ತಿರ ಕಾಯುತ್ತಿದ್ದರು. ಇನ್ಸ್‌ಪೆಕ್ಟರು ಕೈಕಟ್ಟಿಕೊಂಡು ಕೂತಿದ್ದರು. ಪಾಠ ಮುಗಿಯಿತು. ಬೋರ್ಡಿನ ಮೇಲಿನ ಹದಿನಾರು ಹಲ್ಲಿನ ಕುರಿಯ ಬಾಯಿ ತೆರೆ ತುಂಬ ನಿಂತಿತು. ಅದರ ಮೇಲೆ ಹೆಸರುಗಳು ಏರತೊಡಗಿದವು. ಸಂಗೀತ ಬಂತು. ಮಾತು ಬರಲಿಲ್ಲ. ಸ್ಟುಡಿಯೋದಲ್ಲಿ ಆ ಮಾತನ್ನು ಸೇರಿಸಿದ್ದರಂತೆ. ಹೆಸರುಗಳು ಮುಗಿದ ಮೇಲೆ ಇಟ್ಟಿದ್ದರಂತೆ. ಕಾರ್ಯಕ್ರಮ ಹನ್ನೆರಡು ಸೆಕೆಂಡು ಉದ್ದವಾಯಿತೆಂದು ಬಾಲ ಕತ್ತರಿಸಿದವನಿಗೆ ಬಾಲದಲ್ಲಿ ಏನಿದೆ ಎಂದು ಯಾರೂ ಹೇಳಿರಲಿಲ್ಲವಂತೆ. ಇದೆಲ್ಲ ಆಮೇಲೆ ಬಂದ ಕಾಗದದಿಂದ ತಿಳಿಯಿತು.

ಹೆಸರುಗಳು ಅರ್ಧ ಏರಿರುವಾಗಲೇ ಗಿರಿಯಮ್ಮ ಎದ್ದಳು. ಜನರನ್ನು ದಾಟಿಕೊಂಡು ಹಿಂದಕ್ಕೆ ಹೋಗಿ ಮೇಷ್ಟ್ರ ಮುಂದೆ ಕೈ ನೀಡಿದಳು. ಮೇಷ್ಟ್ರು ಜೇಬಿನಿಂದ ಸೀಮೆಸುಣ್ಣ ತೆಗೆದುಕೊಟ್ಟರು. ಅವಳು ಮುಂದೆ ಬಂದು, ಸೀಮೆಸುಣ್ಣವನ್ನು ನಾಲಿಗೆಗೆ ಒತ್ತಿಕೊಂಡು, ಟಿ.ವಿ.ಯ ಗಾಜಿನ ಮೇಲೆ ಮೇಲಿನ ಎಂಟು ಹಲ್ಲಿಗೂ ಅಡ್ಡಲಾಗಿ ದಪ್ಪಗೆ ಒಂದು ಗೀಟು ಎಳೆದಳು.

"ಏಯ್, ಪಂಚಾಯ್ತಿ ಆಸ್ತಿ ಕಣಮ್ಮ ಅದು" ಎಂದು ಸೆಕ್ರೆಟರಿ ಎದ್ದ. ಅಷ್ಟರಲ್ಲಿ ಕುರಿ ಹೋಗಿ ತೆರೆಯ ಮೇಲೆ ಒಬ್ಬರು ಹೆಂಗಸು ಬಂದು, ಮುಂದಿನ ಕಾರ್ಯಕ್ರಮ ಯಾವುದೆಂದು ನಗುನಗುತ್ತಾ ಹೇಳಿದರು. ಗೀಟು ಸರಿಯಾಗಿ ಅವರ ಮೇಲ್ದವಡೆಯ ಮೇಲೆ ಬಂದಿತ್ತು. ಬಹಳ ಜನ ನಕ್ಕರು. ಇನ್ಸ್‌ಪೆಕ್ಟರು ನಗಲಿಲ್ಲ.

"ಬಾಮ್ಮ ಇಲ್ಲಿ" ಎಂದರು. "ಈಗ ಗೊತ್ತಿರೋದು ಅವತ್ತು ಗೊತ್ತಿರ್ಲಿಲ್ವಾ?"

"ಗೊತ್ತಿತ್ತು ಸಾ."

"ಮತ್ತೆ ಯಾಕೆ ಹೇಳ್ಲಿಲ್ಲ?"

"ಕೆಂಪು ದೀಪ ಉರೀತಿತ್ತು ಸಾ. ಬಾಯಿ ಬುಟ್ರೆ ಚರ್ಮ ಸುಲೀತೀನಿ ಅಂದಿದ್ರು."

"ಯಾರು?"

ಗಿರಿಯಮ್ಮ ಹೇಳಲಿಲ್ಲ. ಇಡೀ ಪಂಚಾಯ್ತಿ ಕಚೇರಿ ಸ್ಟೂಲಿನ ಕಡೆ ನೋಡಿತು. ಮಹಾಲಿಂಗಯ್ಯನವರು ಆಂಟೆನಾದವನಿಗೆ ಇಳಿಯಲು ಹೇಳಬೇಕೆಂದು ಎದ್ದು ಹೊರಗೆ ಹೋದರು.

ಇನ್ಸ್‌ಪೆಕ್ಟರು ಚಿಕ್ಕರಂಗಯ್ಯನವರ ಕಡೆ ತಿರುಗಿದರು. ದನಿ ಏರಿಸಲಿಲ್ಲ. "ನೋಡಿದ್ರಾ ಮೇಷ್ಟ್ರೇ. ಇಲ್ಲಿರೋ ಮಕ್ಕಳು ಹಿಡಿದ್ರು, ಸರಿ. ಬೇರೆ ಕಡೆ ಕೂತು ನೋಡಿದ ಮಗು ಏನು ಮಾಡ್ಬೇಕು? ಅದರ ಪಕ್ಕದಲ್ಲಿ ಕುರಿ ಇದೆಯಾ? ನಾನು ಹೇಳೋದು ಇಷ್ಟೇ. ನಿಜ ಹೇಳಿದ್ರೆ ಈ ತಾಪತ್ರಯವೇ ಇಲ್ಲ. ಸೂರ್ಯ ಪೂರ್ವದಲ್ಲಿ ಹುಟ್ಟುತ್ತಾನೆ ಅಂದ್ರೆ ಮುಗೀತು. ಅದರಲ್ಲಿ ಹಿಡಿಯೋಕೆ ಏನಿದೆ?"

"ಸುಳ್ಳು ಸಾ" ಎಂದಳು ಗಿರಿಯಮ್ಮ.

ಯತ್ತಪ್ಪ ಮೊಮ್ಮಗಳ ರಟ್ಟೆ ಹಿಡಿದು ಎಳೆದ. "ಬುಡ್ರೀ ಯಜಮಾನ್ರೇ" ಎಂದರು ಇನ್ಸ್‌ಪೆಕ್ಟರು, ತಾವೇ ಆ ಭಾಷೆಗೆ ಇಳಿದು. "ಯಾವುದಮ್ಮ ಸುಳ್ಳು?"

"ಸೂರ್ಯ ದಿನಾ ಒಂದೇ ತಾವ ಹುಟ್ಟಲ್ಲ ಸಾ. ನಾನು ಕುರಿ ಬುಡ್ತೀನಲ್ಲ ಹೊತ್ತಾರೆ, ಹಟ್ಟಿ ಬಾಗ್ಲಾಗೆ ನಿಂತ್ರೆ, ಸಂಕ್ರಾಂತೀಲಿ ಗುಂಡುಗಲ್ಲಿನ ಬಲಕ್ಕೆ ಹುಟ್ತಾನೆ. ಉಗಾದೀಲಿ ಕಲ್ಲಿನ ನೆತ್ತಿ ಮ್ಯಾಲೆ. ಕಾರಬ್ಬದಾಗೆ ಎಡಕ್ಕೆ, ಹುಣಸೆ ಮರದ ತಾವ. ಆಮೇಲೆ ವಾಪಸ್ ಬತ್ತಾನೆ."

"ಯಾರು ಹೇಳಿಕೊಟ್ರು? ಮೇಷ್ಟ್ರಾ?"

"ಇಲ್ಲ ಸಾ. ಮೇಷ್ಟ್ರು ಪೂರ್ವದಾಗೆ ಅಂತ್ಲೇ ಬರ್ದಿದ್ರು. ಎಂಟು ದಿನ ಇತ್ತು ಬೋರ್ಡಿನ ಮ್ಯಾಲೆ."

ಇನ್ಸ್‌ಪೆಕ್ಟರು ಮೇಷ್ಟ್ರನ್ನು ನೋಡಿದರು. ಮೇಷ್ಟ್ರು ತಮ್ಮ ಚಪ್ಪಲಿ ನೋಡಿಕೊಂಡರು. "ನನ್ನ ತೀರ್ಮಾನ ಆಫೀಸಿಂದ ಬರುತ್ತೆ" ಎಂದು ಹೇಳಿ ಇನ್ಸ್‌ಪೆಕ್ಟರು ಮಧುಗಿರಿಯ ಕೊನೆ ಬಸ್ಸಿಗೆ ಹೊರಟರು.

ತೀರ್ಮಾನ ಬರುವ ತನಕ ಚಿಕ್ಕರಂಗಯ್ಯನವರಿಗೆ ಬೇರೆ ತೀರ್ಮಾನಗಳು ಪುಕ್ಕಟೆಯಾಗಿ ಸಿಗುತ್ತಿದ್ದವು. ಬಡವನಹಳ್ಳಿ ಸಂತೆಯಲ್ಲಿ ಕುರಿ ವ್ಯಾಪಾರದವನೊಬ್ಬ ಅವರನ್ನು ಕಂಡು, "ಮೇಷ್ಟ್ರೇ, ಹದಿನಾರು ಹಲ್ಲಿಂದು ಒಂದು ಬಂದೈತೆ, ನಿಮಗೇ ಅಂತ ಮಡಗಿದೀನಿ" ಎಂದ. ಪಾವಗಡದ ಬಸ್ಸಿನ ಕಂಡಕ್ಟರು ಟಿಕೆಟು ಹರಿಯುತ್ತಾ, "ಏಂ ಸಾರೂ, ಗೊರ್ರೆಕಿ ಪೈನ ಪಳ್ಳು ಉನ್ನಾಯಾ?" ಎಂದು, ಕುರಿಗೆ ಮೇಲ್ಹಲ್ಲು ಉಂಟೇ ಎಂಬುದನ್ನು ಅತ್ಯಂತ ವಿನಯದಿಂದ ವಿಚಾರಿಸಿದ. ಶಿರಾದಲ್ಲಿ ಕಸಾಯಿ ಅಂಗಡಿಯವರು, "ಆವೋ ಮಾಸ್ಟರ್ ಸಾಬ್" ಎಂದು ಕರೆದು, ಒಂದು ತಲೆಯ ಬಾಯಿ ಬಿಡಿಸಿ ತೋರಿಸಿ, ಚಹಾ ಕುಡಿಸಿ ಕಳಿಸಿದರು. ಮೇಷ್ಟ್ರು ಎಲ್ಲರಿಗೂ ಹೌದು ಹೌದು ಎಂದರು. ಬೇಕಂತಲೇ ಹೇಳಿದ್ದು ಎಂದು ಎಲ್ಲಿಯೂ ಹೇಳಲಿಲ್ಲ. ಕ್ಲಾಸಿನಲ್ಲಿ ಮಾತ್ರ ಆ ದಿನಗಳಲ್ಲಿ ಪುಸ್ತಕ ಓದಿಸಿದರು, ಪ್ರಶ್ನೋತ್ತರ ಬರೆಸಿದರು. ತೀರ್ಮಾನ ಬರುವ ಮೊದಲು ಸುಳ್ಳು ಹೇಳುವುದು ಸರಿಯಲ್ಲ ಎಂದು ಅವರ ಲೆಕ್ಕ. ಮಕ್ಕಳು ಒಂದೊಂದು ವಾಕ್ಯಕ್ಕೂ ಕಿವಿ ನಿಮಿರಿಸಿ ಕೂತು, ಹಿಡಿಯಲು ಏನೂ ಸಿಕ್ಕದೆ, ನಾಲ್ಕನೇ ದಿನಕ್ಕೆ ಆಕಳಿಸತೊಡಗಿದರು.

ನಡುವೆ ಬೆಂಗಳೂರಿನಿಂದ ಎರಡು ಕಟ್ಟು ಬಂದವು, ಇನ್ಸ್‌ಪೆಕ್ಟರ ಆಫೀಸಿಗೆ ಒಂದು, ಮೇಷ್ಟ್ರಿಗೆ ಒಂದು. ಕ್ಷಮೆ ಕೇಳಿದ ಕಾಗದ. ಜೊತೆಗೆ ಕಾರ್ಯಕ್ರಮ ನೋಡಿದ ಮಕ್ಕಳು ಬರೆದಿದ್ದ ಕಾರ್ಡುಗಳ ನಕಲು. ಬಹುಪಾಲು ಮಕ್ಕಳು ಮೇಷ್ಟ್ರನ್ನು ಸರಿಯಾಗಿ ತರಾಟೆಗೆ ತೆಗೆದುಕೊಂಡಿದ್ದರು. ಒಬ್ಬ ಹುಡುಗ ತನ್ನ ಮನೆಯ ಮೇಕೆಯ ಬಾಯಿಯನ್ನೂ ನೋಡಿ, ಅದಕ್ಕೂ ಇಲ್ಲ ಎಂದು ಬರೆದಿದ್ದ. ಇನ್ನೊಬ್ಬಳು ಎಮ್ಮೆಗೂ ಇಲ್ಲ ಎಂದಿದ್ದಳು. ಬೆಂಗಳೂರಿನ ಮಲ್ಲೇಶ್ವರದ ಒಂದು ಮಗು ಮಾತ್ರ, "ಕುರಿಗೆ ಮುಂದೆ ಹದಿನಾರು ಹಲ್ಲು ಎಂದು ತಿಳಿದು ಸಂತೋಷವಾಯಿತು, ನನ್ನ ನೋಟ್ಸಿನಲ್ಲಿ ಬರೆದುಕೊಂಡಿದ್ದೇನೆ" ಎಂದು ದುಂಡಗೆ ಬರೆದಿತ್ತು.

ಉಳಿದ ಕಾರ್ಡುಗಳನ್ನು ಓದಿ ನಕ್ಕಿದ್ದ ಮೇಷ್ಟ್ರು ಇದನ್ನು ಬೇರೆಯಾಗಿ ತೆಗೆದಿಟ್ಟರು. ಇನ್ಸ್‌ಪೆಕ್ಟರು ಪಂಚಾಯ್ತಿ ಕಚೇರಿಯಲ್ಲಿ ಹೇಳಿದ್ದ ಮಗು ಇದೇ. ಅವರ ಹೆಂಡತಿ ಸಣ್ಣಕ್ಕ ಬಂದು, "ಏನಂತೆ?" ಎಂದರು.

"ಒಂದು ಮಗು ನಂಬಿಬಿಟ್ಟಿದೆ ಕಣೆ."

"ನಂಬದೆ ಏನು ಮಾಡ್ತದೆ, ಮೇಷ್ಟ್ರು ಹೇಳಿದ ಮ್ಯಾಲೆ" ಎಂದು ಸಣ್ಣಕ್ಕ ಒಳಗೆ ಹೋದರು.

ಮೇಷ್ಟ್ರು ಒಂದು ಕಾರ್ಡು ತೆಗೆದುಕೊಂಡು ಆ ಮಗುವಿಗೆ ಬರೆದರು. ತಿದ್ದಲಿಲ್ಲ. "ಚಿರಂಜೀವಿ ಮಗುವಿಗೆ ಆಶೀರ್ವಾದಗಳು. ನಾನು ಹೇಳಿದ ಒಂದು ಮಾತು ಸುಳ್ಳು. ಯಾವುದೆಂದು ಹೇಳುವುದಿಲ್ಲ. ಎಲ್ಲಾದರೂ ಕುರಿ ಸಿಕ್ಕಿದರೆ, ದೊಡ್ಡವರನ್ನು ಜೊತೆಗೆ ಕರೆದುಕೊಂಡು, ಮೆಲ್ಲಗೆ ತುಟಿ ಎತ್ತಿ ನೋಡು. ನೋಡಿದ್ದನ್ನು ಬರಿ."

ಅತ್ತ ಮಧುಗಿರಿಯಲ್ಲಿ ಇನ್ಸ್‌ಪೆಕ್ಟರ್ ಚಂದ್ರಶೇಖರಯ್ಯನವರ ನಡವಳಿಕೆ ಅವರ ಮನೆಯವರಿಗೆ ಸ್ವಲ್ಪ ಚಿಂತೆ ಹುಟ್ಟಿಸಿತ್ತು. ಆ ಭಾನುವಾರದಿಂದ ಅವರು ದಿನಾ ಬೆಳಕು ಹರಿಯುವ ಹೊತ್ತಿಗೆ ಹಿತ್ತಲಿನ ಬಟ್ಟೆ ಒಗೆಯುವ ಕಲ್ಲಿನ ಮೇಲೆ ಹತ್ತಿ ನಿಲ್ಲುತ್ತಿದ್ದರು. ಎದುರಿಗೆ ಪಕ್ಕದ ಮನೆಯ ಮಾಳಿಗೆ, ಮಾಳಿಗೆಯ ಮೇಲೆ ನೀರಿನ ತೊಟ್ಟಿ. ಮೊದಲ ದಿನ ಸೂರ್ಯ ತೊಟ್ಟಿಯ ಬಲಕ್ಕೆ, ಒಂದು ಗೇಣು ಆಚೆಗೆ ಎದ್ದ. ವಾರದ ಮೇಲೆ ತೊಟ್ಟಿಯ ಅಂಚಿಗೆ ಬಂದ. ಹದಿನೈದನೆಯ ದಿನ ತೊಟ್ಟಿಯ ಹಿಂದಿನಿಂದ ಬಂದ. ಮಾಳಿಗೆಯಲ್ಲಿ ಹಪ್ಪಳ ಒಣಗಿಸಲು ಬರುತ್ತಿದ್ದ ಪಕ್ಕದ ಮನೆಯ ಚಿಕ್ಕಲಕ್ಷ್ಮಮ್ಮನವರು ಕೊನೆಗೊಂದು ದಿನ, "ಏನ್ ಸ್ವಾಮಿ, ನಮ್ಮ ತೊಟ್ಟಿ ಸೋರ್ತಾ ಇದೆಯಾ?" ಎಂದು ಕೇಳಿಯೇಬಿಟ್ಟರು.

"ಇಲ್ಲಮ್ಮ, ತೊಟ್ಟಿ ಸರಿಯಾಗಿದೆ" ಎಂದರು ಇನ್ಸ್‌ಪೆಕ್ಟರು. "ಮೂವತ್ತೊಂದು ವರ್ಷದಿಂದ ನಾನು ಹೇಳ್ಕೊಂಡು ಬಂದದ್ದು ಸ್ವಲ್ಪ ವಾಲಿದೆ."

ಇಪ್ಪತ್ತೆರಡನೆಯ ದಿನ ಗುಂಡುಗಲ್ಲಹಟ್ಟಿ ಶಾಲೆಗೆ ಆಫೀಸಿನ ಲಕೋಟೆ ಬಂತು. ಮಹಾಲಿಂಗಯ್ಯನವರು ಅದನ್ನು ಒಡೆದು, ಚಿಕ್ಕರಂಗಯ್ಯನವರನ್ನು ಕರೆಸಿ, ನಿಂತುಕೊಂಡೇ ಓದಿದರು. ಸದರಿ ಶಿಕ್ಷಕರು ತಮ್ಮ ಬೋಧನಾ ಪದ್ಧತಿಯನ್ನು ಮುಂದುವರಿಸಬಹುದು. ಸುಳ್ಳು ದಿನಕ್ಕೆ ಒಂದನ್ನು ಮೀರತಕ್ಕದ್ದಲ್ಲ. ಅದನ್ನು ಪಾಠದ ಟಿಪ್ಪಣಿಯಲ್ಲಿ ಮುಂಚಿತವಾಗಿ ಬರೆದು ಮುಖ್ಯೋಪಾಧ್ಯಾಯರ ಸಹಿ ಪಡೆಯತಕ್ಕದ್ದು. ಮಕ್ಕಳಿಲ್ಲದ ಕಡೆ, ಅಥವಾ ಮಕ್ಕಳು ಮಾತನಾಡುವಂತಿಲ್ಲದ ಕಡೆ, ಈ ಪದ್ಧತಿಯನ್ನು ಬಳಸತಕ್ಕದ್ದಲ್ಲ.

ಚಿಕ್ಕರಂಗಯ್ಯ ಮೇಷ್ಟ್ರು ಟಿಪ್ಪಣಿ ಪುಸ್ತಕ ತಂದು ಆ ದಿನದ ಸುಳ್ಳು ಬರೆದರು. ಮಹಾಲಿಂಗಯ್ಯನವರು ಅದನ್ನು ಓದಿ, ನಿಜವೆಂದೇ ತಿಳಿದು, ಸಹಿ ಹಾಕಿದರು.